ಕಾಲಯಂತ್ರ

ಕಾಲಯಂತ್ರ: ಮನುಷ್ಯನನ್ನು ಹಿಂದಿನ ಅಥವಾ ಮುಂದಿನ ಕಾಲಕ್ಕೆ ಕೊಂಡೊಯ್ಯುವ, ಕಾಲವನ್ನು ತಡೆದು ನಿಲ್ಲಿಸುವ ಇಲ್ಲವೇ ಹಿಂದಿರುಗಿಸುವ ಕಾಲ್ಪನಿಕ ಸಾಧನ. ಕಥೆ, ಕಾದಂಬರಿ, ಸಿನಿಮಾಗಳಲ್ಲಿ ಇದು ವಾಹನ, ಗಡಿಯಾರ, ಕೈಗಡಿಯಾರ, ದೂರವಾಣಿ ಹೀಗೆ ಹಲವು ರೂಪಗಳಲ್ಲಿ ಬಂದಿದೆ. ರೂಪ ಯಾವುದೇ ಇರಲಿ, ಪ್ರತಿಯೊಂದಕ್ಕೂ ಅದನ್ನು ಕಲ್ಪಿಸಿದವರು ಒಂದು ಕಟ್ಟಳೆ ಹಾಕಿದ್ದಾರೆ. ಕಥೆಗೆ ಬಲ ಬರುವುದು ಆ ಕಟ್ಟಳೆಯಿಂದಲೇ.

ಹಿನ್ನೆಲೆ

ಕಾಲ ಎಲ್ಲೆಡೆ ಒಂದೇ ವೇಗದಲ್ಲಿ ಸಾಗುವುದಿಲ್ಲ ಎಂಬ ಕಲ್ಪನೆ ಪುರಾಣಗಳಲ್ಲೇ ಇದೆ. ಭಾಗವತದ ಒಂಬತ್ತನೆಯ ಸ್ಕಂಧದಲ್ಲಿ ಬರುವ ರಾಜ ಕಕುದ್ಮಿ, ಮಗಳು ರೇವತಿಗೆ ತಕ್ಕ ವರ ಯಾರೆಂದು ಕೇಳಲು ಬ್ರಹ್ಮಲೋಕಕ್ಕೆ ಹೋಗುತ್ತಾನೆ. ಅಲ್ಲಿ ಗಂಧರ್ವರ ಗಾಯನ ನಡೆಯುತ್ತಿರುತ್ತದೆ. ಅದು ಮುಗಿಯಲೆಂದು ಕ್ಷಣಕಾಲ ಕಾಯುತ್ತಾನೆ. ಅಷ್ಟರಲ್ಲಿ ಭೂಮಿಯಲ್ಲಿ ಇಪ್ಪತ್ತೇಳು ಚತುರ್ಯುಗಗಳು ಕಳೆದಿರುತ್ತವೆ. ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರರಿರಲಿ, ಅವರ ಮೊಮ್ಮಕ್ಕಳ ಹೆಸರೂ ಉಳಿದಿರುವುದಿಲ್ಲ. ಕೊನೆಗೆ ರೇವತಿ ಬಲರಾಮನ ಕೈಹಿಡಿಯುತ್ತಾಳೆ. ಇಲ್ಲಿ ಯಂತ್ರವಿಲ್ಲ, ಕಾಲದ ಮೇಲೆ ಕಕುದ್ಮಿಗೆ ಯಾವ ಹಿಡಿತವೂ ಇಲ್ಲ.

ಯಂತ್ರದ ಹುಟ್ಟು

ಹಿಡಿತ ಮನುಷ್ಯನ ಕೈಗೆ ಬಂದದ್ದು 19ನೆಯ ಶತಮಾನದ ಕೊನೆಯಲ್ಲಿ. ಅಮೆರಿಕದ ಎಡ್ವರ್ಡ್ ಪೇಜ್ ಮಿಚೆಲ್ 1881ರಲ್ಲಿ ಪ್ರಕಟಿಸಿದ ಕಥೆಯಲ್ಲಿ, ಹಿಂದುಮುಂದಾಗಿ ಓಡುವ ಗಡಿಯಾರವೊಂದು ಪಾತ್ರಗಳನ್ನು ಗತಕಾಲಕ್ಕೆ ಒಯ್ಯುತ್ತದೆ. 1887ರಲ್ಲಿ ಸ್ಪೇನಿನ ಎನ್ರಿಕೆ ಗಾಸ್ಪರ್ ವಿದ್ಯುತ್ತಿನಿಂದ ಹಾರುವ ದೊಡ್ಡ ಕಬ್ಬಿಣದ ಪೆಟ್ಟಿಗೆಯನ್ನು ಕಲ್ಪಿಸಿದ. ಅದು ಹಿಂದಕ್ಕೆ ಸಾಗಿದಂತೆ ಒಳಗಿದ್ದವರ ವಯಸ್ಸೂ ಇಳಿಯುವ ಅಪಾಯವಿತ್ತು. ಅದನ್ನು ತಡೆಯಲು ಗಾಸ್ಪರ್ ಒಂದು ವಿಶೇಷ ದ್ರವವನ್ನೂ ಕಲ್ಪಿಸಬೇಕಾಯಿತು.

ಕಾಲಯಂತ್ರವನ್ನು ಮನೆಮಾತಾಗಿಸಿದವರು ಎಚ್. ಜಿ. ವೆಲ್ಸ್. ಅವರ ‘ದಿ ಟೈಮ್ ಮಷೀನ್’ ಪ್ರಕಟವಾದದ್ದು 1895ರಲ್ಲಿ. ವೆಲ್ಸ್‌ರ ಯಂತ್ರ ಕಾಲದಲ್ಲಿ ಮಾತ್ರ ಚಲಿಸುತ್ತದೆ, ಜಾಗ ಬಿಟ್ಟು ಕದಲುವುದಿಲ್ಲ. ಅದನ್ನೇರಿದ ಪ್ರಯಾಣಿಕ ಕ್ರಿ.ಶ. 8,02,701ಕ್ಕೆ ಹೋಗಿ, ಮನುಕುಲ ಎರಡು ಜೀವಜಾತಿಗಳಾಗಿ ಒಡೆದಿರುವುದನ್ನು ಕಾಣುತ್ತಾನೆ. ನೆಲದ ಮೇಲೆ ಸುಖಜೀವಿಗಳು, ನೆಲದಡಿಯಲ್ಲಿ ಯಂತ್ರ ನಡೆಸುವವರು. ತಮ್ಮ ಕಾಲದ ಇಂಗ್ಲೆಂಡಿನ ವರ್ಗಭೇದ ಬೆಳೆಯುತ್ತ ಹೋದರೆ ಏನಾದೀತೆಂದು ತೋರಿಸಲು ವೆಲ್ಸ್‌ಗೆ ಈ ಯಂತ್ರ ಬೇಕಿತ್ತು.

ಸಿನಿಮಾದಲ್ಲಿ

ಹಾಲಿವುಡ್‌ನ ‘ಬ್ಯಾಕ್ ಟು ದಿ ಫ್ಯೂಚರ್’ (1985) ಚಿತ್ರದಲ್ಲಿ ಕಾರೇ ಕಾಲಯಂತ್ರ. ಗಂಟೆಗೆ 88 ಮೈಲಿ ವೇಗ ಮುಟ್ಟಬೇಕು, 1.21 ಗಿಗಾವ್ಯಾಟ್ ವಿದ್ಯುತ್ತೂ ಸಿಗಬೇಕು. ನಾಯಕ ಅದಕ್ಕಾಗಿ ಸಿಡಿಲನ್ನು ಬಳಸಿಕೊಳ್ಳುತ್ತಾನೆ.

ದಕ್ಷಿಣ ಭಾರತದಲ್ಲಿ ಈ ಕಲ್ಪನೆಯನ್ನು ಅದ್ದೂರಿಯಾಗಿ ತೆರೆಗೆ ತಂದವರು ಸಿಂಗೀತಂ ಶ್ರೀನಿವಾಸರಾವ್. ‘ಹಾಲು ಜೇನು’, ‘ಚಲಿಸುವ ಮೋಡಗಳು’ ನಿರ್ದೇಶಿಸಿದ, ಬೆಂಗಳೂರಿನಲ್ಲಿ ‘ಪುಷ್ಪಕ ವಿಮಾನ’ ಚಿತ್ರಿಸಿದ ಅವರು ಕನ್ನಡಿಗರಿಗೆ ಹೊಸಬರಲ್ಲ. 1991ರ ಅವರ ತೆಲುಗು ಚಿತ್ರ ‘ಆದಿತ್ಯ 369’ರಲ್ಲಿ ವಿಜ್ಞಾನಿಯೊಬ್ಬ ಕಟ್ಟಿದ ಯಂತ್ರ ನಾಯಕ ನಾಯಕಿಯರನ್ನು 1526ರ ವಿಜಯನಗರಕ್ಕೂ ಅಲ್ಲಿಂದ 2504ಕ್ಕೂ ಒಯ್ಯುತ್ತದೆ. ನಂದಮೂರಿ ಬಾಲಕೃಷ್ಣ ನಾಯಕನೂ ಹೌದು, ಶ್ರೀಕೃಷ್ಣದೇವರಾಯನೂ ಹೌದು. 1565ರಲ್ಲಿ ಹಾಳಾದ ರಾಜಧಾನಿ ಮತ್ತೆ ಜನರಿಂದ ತುಂಬಿ ತುಳುಕುವುದನ್ನು ನೋಡುವ ಆಸೆ ಕನ್ನಡಿಗರಿಗೂ ತೆಲುಗರಿಗೂ ಒಂದೇ. ವೆಲ್ಸ್ ಭವಿಷ್ಯದ ಭಯಕ್ಕಾಗಿ ಕಟ್ಟಿದ ಯಂತ್ರವನ್ನು ಸಿಂಗೀತಂ ಈ ಆಸೆಗಾಗಿಯೂ ಓಡಿಸಿದರು.

ತಮಿಳಿನಲ್ಲಿ ಯಂತ್ರ ದಿನದಿನದ ಬದುಕಿಗೆ ಇಳಿಯಿತು. ‘ಇಂಡ್ರು ನೇಟ್ರು ನಾಳೈ’ (2015) ಚಿತ್ರದಲ್ಲಿ 2065ರಿಂದ ಬಂದ ಯಂತ್ರ ಇಬ್ಬರು ಗೆಳೆಯರ ಕೈಸೇರುತ್ತದೆ. ಕಳೆದುಹೋದ ವಸ್ತುಗಳನ್ನು ಹುಡುಕಿಕೊಡುವುದನ್ನೇ ಅವರು ಕಸುಬು ಮಾಡಿಕೊಳ್ಳುತ್ತಾರೆ. ವಿಕ್ರಮ್ ಕುಮಾರ್ ನಿರ್ದೇಶನದ ‘24’ (2016) ಚಿತ್ರದ ಸಾಧನ ಒಂದು ಕೈಗಡಿಯಾರ. ಕಾಲವನ್ನು ಅದು ಮೂವತ್ತು ಸೆಕೆಂಡು ನಿಲ್ಲಿಸಬಲ್ಲದು, ಇಪ್ಪತ್ತನಾಲ್ಕು ಗಂಟೆಯ ಆಚೆಗೆ ಕೊಂಡೊಯ್ಯಲಾರದು. ಕಥೆಯ ಬಿಗಿಯೆಲ್ಲ ಈ ಮಿತಿಯಲ್ಲೇ ಇದೆ. ‘ಮಾರ್ಕ್ ಆಂಟನಿ’ಯಲ್ಲಿ (2023) ಮನುಷ್ಯರು ಎಲ್ಲಿಗೂ ಹೋಗುವುದಿಲ್ಲ, ದೂರವಾಣಿ ಕರೆ ಮಾತ್ರ ಗತಕಾಲಕ್ಕೆ ಹೋಗುತ್ತದೆ. ಕನ್ನಡದಲ್ಲಿ ಶ್ರೀನಿಧಿ ಬೆಂಗಳೂರು ನಿರ್ದೇಶಿಸಿದ ‘ಬ್ಲಿಂಕ್’ (2024) ಕಾಲಪ್ರಯಾಣವನ್ನೇ ವಸ್ತುವಾಗಿಸಿಕೊಂಡಿತು.

ನೀಲಗಿರಿಯ ಸಾಕ್ಷ್ಯ

ಕಥೆಗಳ ಆಚೆಗೆ, ಕಾಲ ನಿಜವಾಗಿಯೂ ಹಿಗ್ಗುತ್ತದೆ ಎಂಬುದಕ್ಕೆ ಉದಕಮಂಡಲದಲ್ಲಿ (ಊಟಿಯಲ್ಲಿ) ಪ್ರತಿದಿನ ಪುರಾವೆ ಸಿಗುತ್ತದೆ. ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯ ವಿಶ್ವಕಿರಣ ಪ್ರಯೋಗಾಲಯ ಅಲ್ಲಿ ಸಮುದ್ರಮಟ್ಟದಿಂದ ಸುಮಾರು 2,200 ಮೀಟರ್ ಎತ್ತರದಲ್ಲಿದೆ. ಬಾಹ್ಯಾಕಾಶದಿಂದ ಬರುವ ವಿಶ್ವಕಿರಣಗಳು ವಾತಾವರಣದ ಮೇಲ್ಪದರಕ್ಕೆ ಬಡಿದಾಗ ಮ್ಯೂಆನ್ ಎಂಬ ಕಣಗಳು ಹುಟ್ಟುತ್ತವೆ. ಒಂದು ಮ್ಯೂಆನಿನ ಸರಾಸರಿ ಆಯಸ್ಸು ಸೆಕೆಂಡಿನ ಹತ್ತು ಲಕ್ಷದಲ್ಲಿ 2.2 ಭಾಗ ಮಾತ್ರ. ಬೆಳಕಿನ ವೇಗದಲ್ಲಿ ಓಡಿದರೂ ಅಷ್ಟರಲ್ಲಿ ಅದು ಕ್ರಮಿಸುವುದು ಸುಮಾರು 660 ಮೀಟರ್. ಹತ್ತು ಹದಿನೈದು ಕಿಲೋಮೀಟರ್ ಎತ್ತರದಲ್ಲಿ ಹುಟ್ಟುವ ಈ ಕಣಗಳಲ್ಲಿ ಹೆಚ್ಚಿನವು ದಾರಿಯಲ್ಲೇ ಅಳಿಯಬೇಕಿತ್ತು. ಆದರೂ ನೆಲ ಮುಟ್ಟುತ್ತವೆ. ಐನ್‌ಸ್ಟೈನ್ 1905ರಲ್ಲಿ ಹೇಳಿದಂತೆ, ಅತಿವೇಗದಲ್ಲಿ ಸಾಗುವ ಕಣದ ಕಾಲ ನಮ್ಮ ಲೆಕ್ಕದಲ್ಲಿ ನಿಧಾನವಾಗಿ ಓಡುವುದೇ ಇದಕ್ಕೆ ಕಾರಣ. ಭೌತವಿಜ್ಞಾನಿಗಳಾದ ರೊಸ್ಸಿ ಮತ್ತು ಹಾಲ್ ಇದನ್ನು 1941ರಲ್ಲಿ ಪ್ರಯೋಗದಿಂದ ತೋರಿಸಿದರು.

ಊಟಿಯಲ್ಲಿ ವಿಶ್ವಕಿರಣ ಸಂಶೋಧನೆಯನ್ನು ಬೆಳೆಸಿದವರಲ್ಲಿ ನಂಜನಗೂಡಿನಲ್ಲಿ ಹುಟ್ಟಿದ ಬಿ. ವಿ. ಶ್ರೀಕಂಠನ್ ಪ್ರಮುಖರು. ಹೋಮಿ ಭಾಭಾ ಅವರ ಮಾರ್ಗದರ್ಶನದಲ್ಲಿ 1951ರಲ್ಲಿ ಕೋಲಾರದ ಚಿನ್ನದ ಗಣಿಗಿಳಿದು, ನೆಲದಾಳದಲ್ಲಿ ಮ್ಯೂಆನ್‌ಗಳನ್ನು ಅಳೆದವರೂ ಅವರೇ. ಇಂದು ಭಾರತ ಮತ್ತು ಜಪಾನ್ ಜೊತೆಗೂಡಿ ನಡೆಸುವ ಗ್ರೇಪ್ಸ್-3 ಪ್ರಯೋಗದ ಮ್ಯೂಆನ್ ದೂರದರ್ಶಕ 560 ಚದರ ಮೀಟರ್ ವಿಸ್ತಾರವಾಗಿದ್ದು, ದಿನಕ್ಕೆ ಸುಮಾರು 400 ಕೋಟಿ ಕಣಗಳನ್ನು ದಾಖಲಿಸುತ್ತದೆ. ಡಿಸೆಂಬರ್ 1, 2014ರಂದು ಊಟಿಯ ಮೇಲೆ ಹಾದುಹೋದ ಗುಡುಗುಮೋಡದಲ್ಲಿ 130 ಕೋಟಿ ವೋಲ್ಟ್ ವಿಭವವಿತ್ತೆಂದು ಮ್ಯೂಆನ್‌ಗಳ ಏರಿಳಿತದಿಂದಲೇ ತಿಳಿಯಿತು. ಆ ಮೋಡದ ಅಂದಾಜು ವಿದ್ಯುತ್ ಸಾಮರ್ಥ್ಯ 2 ಗಿಗಾವ್ಯಾಟ್. ಹಾಲಿವುಡ್ ಕಾರಿಗೆ ಬೇಕಿದ್ದುದು ಅದಕ್ಕಿಂತ ಕಡಿಮೆ.

ಪಕ್ಕದ ಮುತ್ತೋರೆಯ ಇಳಿಜಾರಿನಲ್ಲಿ 1970ರಿಂದ ಕೆಲಸ ಮಾಡುತ್ತಿರುವ, ಗೋವಿಂದ ಸ್ವರೂಪ್ ವಿನ್ಯಾಸದ 530 ಮೀಟರ್ ಉದ್ದದ ರೇಡಿಯೋ ದೂರದರ್ಶಕ ಕೋಟ್ಯಂತರ ವರ್ಷಗಳ ಹಿಂದೆ ಹೊರಟ ಅಲೆಗಳನ್ನು ಹಿಡಿಯುತ್ತದೆ. ಗತಕಾಲವನ್ನು ಅದು ಕಾಣಿಸುತ್ತದೆ, ಅಲ್ಲಿಗೆ ಒಯ್ಯುವುದಿಲ್ಲ.

ಹಿಂದಕ್ಕೆ ಹೋಗುವ ಪ್ರಶ್ನೆ

ನಿಸರ್ಗದಲ್ಲಿ ಕಾಲ ಹಿಗ್ಗಿದರೂ ಪ್ರಯಾಣ ಮುಂದಕ್ಕೇ. ಕಕುದ್ಮಿಗೆ ಆದದ್ದು ಈ ನಿಯಮಕ್ಕೆ ಒಪ್ಪುತ್ತದೆ. ವಿಜಯನಗರಕ್ಕೆ ಹೋಗುವ ಯಂತ್ರ ಒಪ್ಪುವುದಿಲ್ಲ. ಐನ್‌ಸ್ಟೈನ್‌ರ ಸಮೀಕರಣಗಳನ್ನು ಪಾಲಿಸುವ, ಆದರೂ ಹಿಂದಕ್ಕೆ ಹೋಗಲು ದಾರಿಯಿರುವ ವಿಶ್ವವೊಂದನ್ನು ಗಣಿತಜ್ಞ ಕರ್ಟ್ ಗೋಡೆಲ್ 1949ರಲ್ಲಿ ಲೆಕ್ಕದಲ್ಲಿ ಕಟ್ಟಿ ತೋರಿಸಿದರು. ಅದು ಇಡಿಯಾಗಿ ತಿರುಗುವ ವಿಶ್ವ, ನಮ್ಮದು ಹಾಗಿಲ್ಲ. ಗತಕಾಲದ ಬಾಗಿಲನ್ನು ಭೌತನಿಯಮಗಳೇ ಮುಚ್ಚಿಡುತ್ತವೆ ಎಂದು ಸ್ಟೀಫನ್ ಹಾಕಿಂಗ್ 1992ರಲ್ಲಿ ಊಹಿಸಿದರು. ಆ ಊಹೆ ಇನ್ನೂ ಸಾಬೀತಾಗಿಲ್ಲ.