ನಾಯರ್ ಸೀರೆ ಉಟ್ಟಿದ್ದಕ್ಕೆ ಗುಡಿಸಲು ಸುಟ್ಟರು: ನಮ್ಮಕ್ಕ ಪಿ.ಕೆ. ರೋಸಿ



ನಮ್ಮೂರು ಮಾಸ್ತಿ ಅಂದ ಕೂಡಲೇ ಎಲ್ಲರೂ "ಓ, ಸಾಹಿತಿಗಳ ಊರಾ" ಅಂತಾರೆ. 1983ರ ಜ್ಞಾನಪೀಠ ಪಡೆದವರ ಹೆಸರಲ್ಲಿ ನಮ್ಮೂರೂ ಸೇರ್ಕೊಂಡಿದೆ. ಸಂತೋಷ. ಆದರೆ ಇವತ್ತು ಬರೀತಿರೋದು ತನ್ನ ಹೆಸರನ್ನೇ ಬಿಟ್ಟು ಬದುಕಬೇಕಾಗಿ ಬಂದ ಒಬ್ಬ ಹೆಣ್ಣುಮಗಳ ಬಗ್ಗೆ. ಸ್ವಲ್ಪ ಉದ್ದ ಇದೆ, ದಯವಿಟ್ಟು ಪೂರ್ತಿ ಓದಿ.

ಮೂಕಿ ಸಿನಿಮಾ ಕಾಲದಲ್ಲಿ ಹೆಂಗಸರು ನಟಿಸೋದೇ ಅವಮಾನ ಅಂತಿದ್ದರು. 1913ರಲ್ಲಿ ಫಾಲ್ಕೆಯವರ 'ರಾಜಾ ಹರಿಶ್ಚಂದ್ರ'ದಲ್ಲಿ ತಾರಾಮತಿ ಪಾತ್ರ ಮಾಡಿದ್ದು ಸಾಳುಂಕೆ ಅನ್ನೋ ಗಂಡಸು. ನಮ್ಮ ಕನ್ನಡದವರ ಮೊದಲ ಮೂಕಿ ಚಿತ್ರಗಳಲ್ಲಿ ಒಂದು ಅಂತ ಹೆಸರಾದ 'ಮೃಚ್ಛಕಟಿಕ', ಅಂದರೆ 'ವಸಂತಸೇನಾ', 1930-31ರ ಹೊತ್ತಿನದು. ಮೋಹನ್ ಭವನಾನಿ ನಿರ್ದೇಶನ. ಮಂಗಳೂರಿನ ಸಾರಸ್ವತ ಬ್ರಾಹ್ಮಣ ಮನೆತನದ ಕಮಲಾದೇವಿ ಚಟ್ಟೋಪಾಧ್ಯಾಯ ಅದರಲ್ಲಿ ನಟಿಸಿದರು. ಅದು ಧೈರ್ಯದ ಕೆಲಸವೇ, ಇಲ್ಲ ಅನ್ನಲ್ಲ. ಚರಿತ್ರೆ ಅವರ ಧೈರ್ಯವನ್ನ ಗೌರವದಿಂದ ಬರೆದಿಟ್ಟುಕೊಂಡಿದೆ.

ಅದೇ ಹೊತ್ತಿಗೆ ಪಕ್ಕದ ತಿರುವಾಂಕೂರಲ್ಲಿ ಇನ್ನೊಬ್ಬಳು ಕ್ಯಾಮೆರಾ ಮುಂದೆ ನಿಂತಳು. ಅವಳಿಗೆ ಸಿಕ್ಕಿದ್ದೇನು ಕೇಳಿ.

ರೋಸಿ ಹುಟ್ಟಿದ್ದು 1903ರಲ್ಲಿ, ತಿರುವನಂತಪುರದ ನಂದನ್‌ಕೋಡ್‌ನಲ್ಲಿ, ಪುಲಯರ ಮನೆಯಲ್ಲಿ. ಪುಲಯರು ಅಂದರೆ ಗದ್ದೆಯಲ್ಲಿ ದುಡಿದು ಕೇರಳಕ್ಕೆ ಅನ್ನ ಹಾಕಿದ ಜನ, ನಮ್ಮ ಹೊಲೆಯ-ಮಾದಿಗರ ಹಾಗೆ. ಇವಳು ಹುಲ್ಲು ಕೊಯ್ದು ಮಾರಿ ಬದುಕ್ತಿದ್ದಳು. ಜೊತೆಗೆ ಕಾಕ್ಕಾರಿಶ್ಶಿ ನಾಟಕದಲ್ಲಿ ಪಾರ್ಟು ಮಾಡ್ತಿದ್ದಳು. ಶಿವ-ಪಾರ್ವತಿ ಅಲೆಮಾರಿಗಳ ವೇಷದಲ್ಲಿ ಭೂಮಿಗೆ ಬರೋ ಕಥೆಯ ಜನಪದ ನಾಟಕ ಅದು. ನಮ್ಮ ಕೋಲಾರದ ಕಡೆ ಕೇಳಿಕೆ ಆಡ್ತಾರಲ್ಲ, ಅದಕ್ಕೆ ಅಣ್ಣ-ತಮ್ಮ ಅನ್ಕೊಳ್ಳಿ.

ಜೆ.ಸಿ. ಡೇನಿಯಲ್ ಅನ್ನೋ ದಂತವೈದ್ಯರು ಸ್ವಂತ ಆಸ್ತಿ ಮಾರಿ 'ವಿಗತಕುಮಾರನ್' ತೆಗೆಯೋಕೆ ಹೊರಟರು. ಮಲಯಾಳಿಗಳ ಮೊದಲ ಸಿನಿಮಾ ಅದು. ರೋಸಿಗೆ ಕೊಟ್ಟ ಪಾತ್ರ ಸರೋಜಿನಿ, ಒಬ್ಬ ನಾಯರ್ ಹೆಣ್ಣು. ಪುಲಯರ ಹುಡುಗಿ ನಾಯರ್ ಹೆಂಗಸಿನ ಹಾಗೆ ಸೀರೆ ಉಟ್ಟು, ಒಡವೆ ಇಟ್ಟು, ತಲೆ ಎತ್ತಿ ನಿಂತಳು. ಸಿನಿಮಾ ತೆರೆ ಕಂಡದ್ದು 1928 ಅಂತ ಬಹಳ ಕಾಲ ಬರೆದರು, ಆಮೇಲೆ ಹಳೇ ಪತ್ರಿಕೆ ಹುಡುಕಿದವರು 1930 ಅಂದರು. ಯಾವುದೇ ಇರಲಿ, ತಿರುವಾಂಕೂರಲ್ಲಿ ನಮ್ಮವರಿಗೆ ದೇವಸ್ಥಾನದ ಬಾಗಿಲು ತೆರೆದದ್ದು 1936ರಲ್ಲಿ. ಗುಡಿಯೊಳಗೆ ಬಿಡದವರು ಪರದೆ ಮೇಲೆ ಬಿಡ್ತಾರಾ?

ಕ್ಯಾಪಿಟಲ್ ಟಾಕೀಸಲ್ಲಿ ಮೊದಲ ಪ್ರದರ್ಶನ. ಅದರಲ್ಲಿ ನಟಿಸಿದವಳೇ ಅಲ್ಲಿ ಎಲ್ಲರ ಜೊತೆ ಕೂತು ನೋಡೋ ಹಾಗಿರಲಿಲ್ಲ. ನಾಯಕ ಅವಳ ಮುಡಿಯ ಹೂವಿಗೆ ಮುತ್ತಿಡೋ ದೃಶ್ಯ ಬಂದಾಗ ಜನ ಪರದೆಗೆ ಕಲ್ಲು ತೂರಿದರು ಅಂತ ಹೇಳ್ತಾರೆ. ಕೋಪ ಅಲ್ಲಿಗೇ ನಿಲ್ಲಲಿಲ್ಲ. ಅವಳ ಗುಡಿಸಲಿಗೆ ಬೆಂಕಿ ಇಟ್ಟರು. ರಾತ್ರೋರಾತ್ರಿ ಓಡಿ ಒಂದು ಲಾರಿ ಹತ್ತಿ ತಮಿಳುನಾಡಿನ ಕಡೆ ಹೋದಳು. ಅಲ್ಲಿಗೆ ಅವಳ ಸಿನಿಮಾ ಮುಗೀತು. ಒಂದೇ ಸಿನಿಮಾ.

ಈಗ ಇದನ್ನ ಗಮನಿಸಿ. ಆ ಲಾರಿ ಡ್ರೈವರ್ ಕೇಶವ ಪಿಳ್ಳೈಯನ್ನೇ ಮದುವೆ ಆದಳು. ಆತ ನಾಯರ್. ನಾಗರಕೋಯಿಲಲ್ಲಿ ರಾಜಮ್ಮಾಳ್ ಆಗಿ ಬದುಕಿದಳು. ಮಕ್ಕಳು ನಾಯರ್ ಮಕ್ಕಳಾಗಿ ಬೆಳೆದರು. ಪರದೆ ಮೇಲೆ ಸ್ವಲ್ಪ ಹೊತ್ತು ನಾಯರ್ ಆಗಿದ್ದಕ್ಕೆ ಮನೆ ಸುಟ್ಟ ಸಮಾಜದಲ್ಲಿ, ಬದುಕಿ ಉಳಿಯೋಕೆ ಉಳಿದ ಆಯುಷ್ಯವೆಲ್ಲ ಅದೇ ಪಾತ್ರ ಮಾಡಬೇಕಾಯ್ತು. ಅದನ್ನ ನೋಡಿ ಚಪ್ಪಾಳೆ ಹೊಡೆಯೋರು ಯಾರೂ ಇರಲಿಲ್ಲ. ಕಲ್ಲು ಹೊಡೆಯೋರೂ ಇರಲಿಲ್ಲ, ಯಾಕಂದ್ರೆ ಯಾರಿಗೂ ಗೊತ್ತಿರಲಿಲ್ಲ.

ಡೇನಿಯಲ್ ಕೂಡ ದಿವಾಳಿಯಾದರು. 1975ರಲ್ಲಿ ತೀರಿಕೊಂಡರು. ಆದರೆ 1992ರಿಂದ ಅವರ ಹೆಸರಲ್ಲಿ ಕೇರಳ ಸರ್ಕಾರ ಪ್ರಶಸ್ತಿ ಕೊಡ್ತಿದೆ. ರೋಸಿಯ ನೆನಪು? ಕುನ್ನುಕುಳಿ ಎಸ್. ಮಣಿಯಂಥವರು ಹುಡುಕಿ ಬರೆದಿದ್ದರಿಂದ ಉಳೀತು. 2013ರಲ್ಲಿ ಕಮಲ್ ಅವರ 'ಸೆಲ್ಯುಲಾಯ್ಡ್' ಬಂದಮೇಲೆ ಹೊರಗಿನವರಿಗೆ ಗೊತ್ತಾಯ್ತು, ಅಲ್ಲೂ ಕಥೆಯ ನಾಯಕ ಡೇನಿಯಲ್ಲೇ. 2022ರಿಂದ ಪಾ. ರಂಜಿತ್ ಅವರ ನೀಲಂ ಬಳಗ ಚೆನ್ನೈಯಲ್ಲಿ ರೋಸಿ ಹೆಸರಲ್ಲಿ ಚಿತ್ರೋತ್ಸವ ಮಾಡ್ತಿದೆ. 2023ರ ಫೆಬ್ರವರಿ 10ರಂದು ಗೂಗಲ್ ಅವಳ ಚಿತ್ರ ಹಾಕಿತು. 'ವಿಗತಕುಮಾರನ್' ರೀಲುಗಳಂತೂ ಉಳಿದೇ ಇಲ್ಲ.

ನಾನು ಆಫೀಸಲ್ಲಿ ಫೈಲು ನೋಡಿಕೊಳ್ಳೋ ಗುಮಾಸ್ತ. ಕಾಗದ ಇಲ್ಲ ಅಂದರೆ ಮನುಷ್ಯನೇ ಇಲ್ಲ ಅನ್ನೋದು ಅಲ್ಲಿನ ಲೆಕ್ಕ. ರೋಸಿಯ ಫೈಲು ಸುಟ್ಟು ಹೋಗಿದೆ. ಅದನ್ನ ಮತ್ತೆ ತೆರೆಯೋರು ನಾವೇ ಆಗಬೇಕು.

"ಅದೆಲ್ಲ ಹಳೇ ಕಥೆ ಬಿಡಿ ಸಾರ್" ಅನ್ನೋರಿಗೆ ಒಂದು ಮಾತು. 2022ರ ಸೆಪ್ಟೆಂಬರ್‌ನಲ್ಲಿ ನಮ್ಮ ಮಾಲೂರು ತಾಲ್ಲೂಕಿನ ಉಳ್ಳೇರಹಳ್ಳಿಯಲ್ಲಿ ನಮ್ಮ ಹುಡುಗನೊಬ್ಬ ದೇವರ ಕೋಲು ಮುಟ್ಟಿದ ಅಂತ ಆ ಮನೆಯವರಿಗೆ 60,000 ರೂಪಾಯಿ ದಂಡ ಹಾಕಿದರು. ಅವತ್ತು ಅವಳು ಉಟ್ಟಿದ್ದು ಸೀರೆ, ಇವತ್ತು ಇವನು ಮುಟ್ಟಿದ್ದು ಕೋಲು. ಕಲ್ಲು ಹಿಡಿದ ಕೈ ಮಾತ್ರ ಅದೇ.

ನಿಮ್ಮ ಊರಲ್ಲೂ ಕೇಳಿಕೆ, ಹರಿಕಥೆ, ತಮಟೆ ಅಂತ ಬದುಕು ಸವೆಸಿದ ಅಜ್ಜ-ಅಜ್ಜಿಯರು ಇದ್ದಾರೆ. ಇವತ್ತೇ ಹೋಗಿ ಕೂತು ಮಾತಾಡಿಸಿ, ಹೆಸರು ಬರ್ಕೊಳ್ಳಿ. ಇಲ್ಲಾಂದ್ರೆ ನಾಳೆ ಅವರೂ ರಾಜಮ್ಮಾಳ್ ಆಗಿಬಿಡ್ತಾರೆ.

ರೋಸಿ ಅಕ್ಕನಿಗೆ ಶರಣು. ಜೈ ಭೀಮ್.