ತೆರೆಯ ಹಿಂದಿನ ಲೇಖನಿ: ಜಾನ್-ಕ್ಲೋದ್ ಕಾರ್ಯೇರ್

ಚಲನಚಿತ್ರ ನೋಡಿ ಹೊರಬರುವಾಗ ನಾವು ನಟರನ್ನು ನೆನೆಯುತ್ತೇವೆ, ಹೆಚ್ಚೆಂದರೆ ನಿರ್ದೇಶಕರನ್ನು. ಚಿತ್ರಕಥೆ ಬರೆದವರ ಹೆಸರು ನಮ್ಮ ಗಮನಕ್ಕೆ ಬರುವುದೇ ಅಪರೂಪ. ಈ ಅಜ್ಞಾತವಾಸವನ್ನು ಮನಸಾರೆ ಒಪ್ಪಿ ಅರ್ಧ ಶತಮಾನಕ್ಕೂ ಮಿಕ್ಕಿ ದುಡಿದವರು ಫ್ರಾನ್ಸಿನ ಜಾನ್-ಕ್ಲೋದ್ ಕಾರ್ಯೇರ್.

1931ರ ಸೆಪ್ಟೆಂಬರ್ 17ರಂದು ದಕ್ಷಿಣ ಫ್ರಾನ್ಸಿನ ಹಳ್ಳಿಯೊಂದರ ದ್ರಾಕ್ಷಿ ಬೆಳೆಗಾರರ ಕುಟುಂಬದಲ್ಲಿ ಅವರು ಜನಿಸಿದರು. ಹಾಸ್ಯ ಚಿತ್ರಗಳ ನಿರ್ದೇಶಕ ಜಾಕ್ ತಾತಿಯವರ ಚಿತ್ರವನ್ನು ಕಾದಂಬರಿಯಾಗಿಸುವ ಕೆಲಸ ಯೌವನದಲ್ಲಿ ಅವರಿಗೆ ಒದಗಿತು. ಬರೆಯುವ ಮೊದಲು ಸಿನಿಮಾ ಎಂದರೇನೆಂದು ತಿಳಿಯಲೆಂದು ತಾತಿ ಅವರನ್ನು ಸಂಕಲನಕಾರ್ತಿಯ ಬಳಿ ಕೂರಿಸಿದರು. ಬರೆದ ಸಾಲು ದೃಶ್ಯವಾಗುವ ಬಗೆಯನ್ನು ಕಾರ್ಯೇರ್ ಕಲಿತದ್ದು ಅಲ್ಲಿ. ಪಿಯೆರ್ ಎತೆ ಅವರೊಡನೆ ರಚಿಸಿದ 'ಹ್ಯಾಪಿ ಆನಿವರ್ಸರಿ' ಕಿರುಚಿತ್ರ (1962) ಆಸ್ಕರ್ ಗಳಿಸಿತು.

ಸ್ಪೇನ್ ಮೂಲದ ನಿರ್ದೇಶಕ ಲೂಯಿ ಬುನ್ಯುಯೆಲ್ ಅವರೊಡನೆ 1964ರಿಂದ 1977ರವರೆಗೆ ಅವರು ಆರು ಚಿತ್ರಗಳಿಗೆ ಬರೆದರು. ಅವುಗಳಲ್ಲಿ 'ದಿ ಡಿಸ್ಕ್ರೀಟ್ ಚಾರ್ಮ್ ಆಫ್ ದಿ ಬೂರ್ಜ್ವಾಸಿ' (1972) ಶ್ರೇಷ್ಠ ವಿದೇಶಿ ಚಿತ್ರವೆಂದು ಆಸ್ಕರ್ ಪಡೆಯಿತು. 'ದಿ ಟಿನ್ ಡ್ರಮ್' (1979), 'ದಾಂತೋನ್' (1983), 'ಸಿರಾನೋ' (1990) ಮುಂತಾದವು ಬೇರೆ ಬೇರೆ ನಿರ್ದೇಶಕರ ಚಿತ್ರಗಳು. ನಿರ್ದೇಶಕ ಬದಲಾದಂತೆ ಬರವಣಿಗೆಯ ದನಿಯೂ ಬದಲಾಗುತ್ತಿತ್ತು.

ಭಾರತೀಯರಾದ ನಮಗೆ ಅವರು ಹತ್ತಿರವಾಗುವುದು ಮಹಾಭಾರತದಿಂದ. ಸಂಸ್ಕೃತ ವಿದ್ವಾಂಸ ಫಿಲಿಪ್ ಲವಾಸ್ತೀನ್ ಅವರಿಂದ ಕಥೆ ಕೇಳಿದ ಕಾರ್ಯೇರ್ ಮತ್ತು ನಿರ್ದೇಶಕ ಪೀಟರ್ ಬ್ರೂಕ್ ಅದರಲ್ಲಿ ವರ್ಷಗಟ್ಟಲೆ ಮುಳುಗಿದರು. ಸುಮಾರು ಒಂಬತ್ತು ಗಂಟೆಗಳ ಆ ನಾಟಕ 1985ರಲ್ಲಿ ಅವಿನ್ಯೋನ್ ಉತ್ಸವದಲ್ಲಿ, ಕಲ್ಲುಗಣಿಯೊಂದರಲ್ಲಿ ಪ್ರದರ್ಶನಗೊಂಡಿತು. ದ್ರೌಪದಿಯಾದವರು ಮಲ್ಲಿಕಾ ಸಾರಾಭಾಯಿ. 'ಧರ್ಮ', 'ಕ್ಷತ್ರಿಯ' ಎಂಬ ಶಬ್ದಗಳಿಗೆ ಫ್ರೆಂಚಿನಲ್ಲಿ ಸಮಾನಪದ ಹುಡುಕದೆ ಕಾರ್ಯೇರ್ ಅವನ್ನು ಹಾಗೆಯೇ ಉಳಿಸಿಕೊಂಡರು. ಮಹಾಕಾವ್ಯವನ್ನು ಅದರ ನೆಲದಿಂದ ಬೇರ್ಪಡಿಸಲಾಯಿತೆಂದು ವಿಮರ್ಶಕ ರುಸ್ತಮ್ ಭರೂಚಾ ಕಟುವಾಗಿ ಆಕ್ಷೇಪಿಸಿದರು. ಆ ಆಕ್ಷೇಪ ತಳ್ಳಿಹಾಕುವಂಥದಲ್ಲ. ಆದರೆ ಕುಮಾರವ್ಯಾಸನನ್ನು ಕೇಳಿ ಬೆಳೆದ ನಾವು ಬಲ್ಲೆವು, ಪ್ರತಿ ಭಾಷೆಯೂ ಭಾರತವನ್ನು ತನ್ನದೇ ದನಿಯಲ್ಲಿ ಹೇಳಿಕೊಳ್ಳುತ್ತದೆ.

2014ರಲ್ಲಿ ಗೌರವ ಆಸ್ಕರ್, 2015ರಲ್ಲಿ ಭಾರತ ಸರಕಾರದ ಪದ್ಮಶ್ರೀ ಅವರಿಗೆ ಸಂದವು. 2021ರ ಫೆಬ್ರವರಿ 8ರಂದು ಪ್ಯಾರಿಸ್‌ನಲ್ಲಿ ಅವರು ನಿಧನರಾದರು. ಮುಂದಿನ ಸಲ ಚಿತ್ರ ಆರಂಭವಾಗುವಾಗ ಶೀರ್ಷಿಕೆಗಳ ನಡುವೆ ಚಿತ್ರಕಥೆಗಾರರ ಹೆಸರನ್ನೂ ಓದೋಣ. ಅಂಥವರಿಗೆ ನಾವು ಸಲ್ಲಿಸಬಹುದಾದ ಸರಳ ಗೌರವ ಅದು.