ಹಗ್ಗ ಹಿಡಿಯುವ ಕೈಗಳು

1886ರ ಒಂದು ಫೋಟೊವನ್ನು ನಾನು ಮತ್ತೆ ಮತ್ತೆ ನೋಡಿದ್ದೇನೆ. ಕಲ್ಲಿನ ಮನೆಗಳ ಮುಂದೆ ಗಡ್ಡದ ಗಂಡಸರು ಎರಡು ಸಾಲಾಗಿ ಎದುರುಬದುರು ನಿಂತಿದ್ದಾರೆ. ಸ್ಕಾಟ್ಲೆಂಡಿನ ಪಶ್ಚಿಮದ ದ್ವೀಪಗಳಿಂದಲೂ ಅರವತ್ತು ಕಿಲೋಮೀಟರಿನಷ್ಟು ಆಚೆ, ಅಟ್ಲಾಂಟಿಕ್ ಸಾಗರದಲ್ಲಿರುವ ಸೇಂಟ್ ಕಿಲ್ಡಾದ ಜನ ಇವರು. ಭಾನುವಾರ ಬಿಟ್ಟು ದಿನಾ ಬೆಳಿಗ್ಗೆ ಹೀಗೆ ಸೇರಿ, ಅಂದಿನ ಕೆಲಸವೇನೆಂದು ತೀರ್ಮಾನಿಸುತ್ತಿದ್ದರು. ಹೊರಗಿನವರು ನಗುತ್ತ ಇದನ್ನು ‘ಪಾರ್ಲಿಮೆಂಟ್’ ಎಂದು ಕರೆದರು. ಸೋಮಾರಿಗಳ ಹರಟೆಕಟ್ಟೆ ಎಂದು ಹಳಿದವರೂ ಉಂಟು. ನನಗೇನೋ ಹಾಗನ್ನಿಸುವುದಿಲ್ಲ.

ಇಲ್ಲಿಯ ಅನ್ನ ಇದ್ದದ್ದು ಬಂಡೆಯಲ್ಲಿ. ಸಮುದ್ರಕ್ಕೆ ನೇರವಾಗಿ ಇಳಿಯುವ ಕಡಿದಾದ ಬಂಡೆಗಳಲ್ಲಿ ಗ್ಯಾನೆಟ್, ಫುಲ್ಮರ್, ಪಫಿನ್ ಹಕ್ಕಿಗಳು ಸಾವಿರಗಟ್ಟಲೆ ಗೂಡು ಕಟ್ಟುತ್ತಿದ್ದವು. ಸುತ್ತ ಮೀನಿದ್ದರೂ ಆ ಕಡಲಿನಲ್ಲಿ ದೋಣಿ ನಂಬಿ ಬದುಕುವಂತಿರಲಿಲ್ಲ. ಹಾಗಾಗಿ ಒಬ್ಬ ಸೊಂಟಕ್ಕೆ ಹಗ್ಗ ಕಟ್ಟಿಕೊಂಡು ಇಳಿಯಬೇಕು, ಮೇಲಿನವನು ಆ ಹಗ್ಗ ಹಿಡಿದಿರಬೇಕು. ಯಾರ ಜೀವ ಯಾರ ಕೈಯಲ್ಲಿ ಎಂಬ ಪ್ರಶ್ನೆ ಇರುವಲ್ಲಿ ಬೆಳಗಿನ ಮಾತು ಉದ್ದವಾದರೆ ಅದು ಸೋಮಾರಿತನವೇ?

ಹಿಡಿದ ಹಕ್ಕಿಗಳನ್ನು ಮನೆಮನೆಗೆ ಪಾಲು ಮಾಡುತ್ತಿದ್ದರು. ಬಂಡೆ ಇಳಿಯಲಾಗದ ಮುದುಕರು, ವಿಧವೆಯರನ್ನು ಮರೆಯುತ್ತಿರಲಿಲ್ಲ. ಮಾಂಸವನ್ನು ‘ಕ್ಲೀಟ್’ ಎಂಬ ಕಲ್ಲುಗೂಡುಗಳಲ್ಲಿ ಒಣಗಿಸಿಡುತ್ತಿದ್ದರು. ಗಾರೆಯಿಲ್ಲದ ಗೋಡೆ, ಮೇಲೆ ಹುಲ್ಲುಮಣ್ಣಿನ ಹೊದಿಕೆ. ಕಲ್ಲುಗಳ ಸಂದಿಯಲ್ಲಿ ಗಾಳಿ ನುಗ್ಗುತ್ತದೆ, ಮಳೆ ನುಗ್ಗುವುದಿಲ್ಲ. ಮುಖ್ಯ ದ್ವೀಪ ಹಿರ್ಟಾ ಒಂದರಲ್ಲೇ ಇಂಥವು ಸಾವಿರಕ್ಕೂ ಹೆಚ್ಚಿವೆ. ಫುಲ್ಮರ್ ಎಣ್ಣೆ ದೀಪಕ್ಕಾಯಿತು. ಗರಿಗಳು ಒಡೆಯನ ಗೇಣಿಗೆ ಹೋದವು.

1697ರಲ್ಲಿ ಮಾರ್ಟಿನ್ ಮಾರ್ಟಿನ್ ಎಂಬ ಪ್ರವಾಸಿ ಬಂದಾಗ ಇಲ್ಲಿ ಸುಮಾರು 180 ಜನ. 1852ರಲ್ಲಿ 36 ಮಂದಿ ಆಸ್ಟ್ರೇಲಿಯಾಕ್ಕೆ ಹೊರಟರು; ಹಲವರು ದಾರಿಯಲ್ಲೇ ತೀರಿಕೊಂಡರು. ಹತ್ತೊಂಬತ್ತನೆಯ ಶತಮಾನದ ಉದ್ದಕ್ಕೂ ಹುಟ್ಟಿದ ಕೂಸುಗಳನ್ನು ಧನುರ್ವಾಯು ಕೊಂದಿತು. ಮೊದಲ ಮಹಾಯುದ್ಧದ ನಂತರ ಹರೆಯದವರು ಕೂಲಿ ಹುಡುಕಿ ಹೊರಟರು. 1930ರ ಹೊತ್ತಿಗೆ ಉಳಿದದ್ದು 36 ಜೀವ.

ಆ ವರ್ಷದ ಮೇ ತಿಂಗಳಲ್ಲಿ ಅವರು ಸರ್ಕಾರಕ್ಕೆ ಬರೆದ ಅರ್ಜಿಯಲ್ಲಿ ಹಸಿವಿನ ಗೋಳಿಗಿಂತ ಮುಂದೆ ನಿಲ್ಲುವುದು ಕೈಗಳ ಲೆಕ್ಕ: ಕೆಲವು ಗಂಡಸರು ಹೊರಡಲು ನಿರ್ಧರಿಸಿದ್ದಾರೆ, ಕುರಿ ಕಾಯುವವರು, ಬಟ್ಟೆ ನೇಯುವವರು, ವಿಧವೆಯರನ್ನು ನೋಡಿಕೊಳ್ಳುವವರು ಅವರೇ. ಅಂದರೆ ಊರು ಮುಳುಗುವ ಹೊತ್ತಿನಲ್ಲೂ ವಿಧವೆಯರ ಪಾಲು ಅವರ ಲೆಕ್ಕದಲ್ಲಿತ್ತು. ನನ್ನನ್ನು ಹಿಡಿದು ನಿಲ್ಲಿಸುವುದು ಆ ಸಾಲು.

ಆಗಸ್ಟ್ 29ರಂದು ‘ಹೇರ್‌ಬೆಲ್’ ಎಂಬ ನೌಕಾಪಡೆಯ ಹಡಗು ಎಲ್ಲರನ್ನೂ ಕರೆದೊಯ್ದಿತು. ಆಚೆ ದಡದಲ್ಲಿ ಗಂಡಸರಿಗೆ ಸಿಕ್ಕ ಕೆಲಸ ಅರಣ್ಯ ಇಲಾಖೆಯದು. ಅವರ ದ್ವೀಪದಲ್ಲಿ ಒಂದು ಮರವೂ ಇರಲಿಲ್ಲ.